ಮಹಡಿ ಅಂಕಲ್ ನಡುಗಿದ ದಿನ

ಕಳೆದ ತಿಂಗಳು ಬೋಲಿಂಗ್‌ಬ್ರೂಕ್‌ನ ನಮ್ಮ ಅಡುಗೆಮನೆಯಲ್ಲಿ ಮಗಳು ಯಾವುದೋ ಸೂಪ್ ಮಾಡುತ್ತೇನೆಂದು ಹೊರಟು, ಅಂಗಡಿಯಿಂದ ತಂದ ಪುಟ್ಟ ಡಬ್ಬಿಯೊಂದನ್ನು ತೆರೆದಳು. ಹೊಗೆಯಲ್ಲಿ ಒಣಗಿಸಿದ ಮೆಣಸಿನಕಾಯಿಯ ಪುಡಿ. ಖಾರವಿಲ್ಲ, ಘಾಟೂ ಇಲ್ಲ. ಸೌದೆ ಒಲೆಯ ಪಕ್ಕ ಕೂತಂಥ ವಾಸನೆ ಅಷ್ಟೆ. ನನ್ನ ಕೈಕಾಲು ತಣ್ಣಗಾದವು. “ಅಮ್ಮಾ, ಆರ್ ಯೂ ಓಕೆ?” ಎಂದಳು ಮಗಳು. ಮೆಣಸಿನಪುಡಿಗೆ ಹೆದರಿದೆ ಎಂದು ಯಾವ ಬಾಯಲ್ಲಿ ಹೇಳಲಿ? ಅದು ಸ್ಟರ್ಲಿಂಗ್ ಹೈಟ್ಸ್‌ನ ನಮ್ಮ ಹಳೆಯ ಅಪಾರ್ಟ್‌ಮೆಂಟಿನ ಮೆಟ್ಟಿಲಿನ ವಾಸನೆ. ಅದನ್ನು ಉಸಿರಾಡಿಕೊಂಡೇ ನಾನು ಪ್ರತಿ ಗುರುವಾರ ಕೆಲಸಕ್ಕೆ ಹೊರಡುತ್ತಿದ್ದೆ...

ಅವು ರಿಸೆಷನ್ ವರ್ಷಗಳು. ಮಗಳು ಇನ್ನೂ ಹುಟ್ಟಿರಲಿಲ್ಲ. ಕಾರಿನ ಬ್ರೇಕುಗಳನ್ನು ಪರೀಕ್ಷಿಸುವ ಕಂಪನಿಯೊಂದರಲ್ಲಿ ನಾನು ಇಂಜಿನಿಯರ್. ಅಲ್ಲಿ ಜನರನ್ನು ತೆಗೆಯುತ್ತಿದ್ದುದು ಗುರುವಾರಗಳಂದು. ಬೆಳಿಗ್ಗೆ ಮೇಜಿನ ಫೋನು ಹೊಡೆದುಕೊಂಡರೆ ಮುಗಿಯಿತು. ಮೂಲೆಯ ಕೋಣೆಗೆ ಹೋಗಿ, ಖಾಲಿ ರಟ್ಟಿನ ಪೆಟ್ಟಿಗೆ ಹಿಡಿದು ಹೊರಬರಬೇಕು. ಕೆಲಸ ಹೋದರೆ ವೀಸಾ ಹೋಯಿತು, ವೀಸಾ ಹೋದರೆ ಗಂಟುಮೂಟೆ ಕಟ್ಟಬೇಕು. ನನ್ನ ಗಂಡ ಆಗಲೇ ದೂರದ ಬೋಲಿಂಗ್‌ಬ್ರೂಕ್‌ನಲ್ಲಿ ಸಣ್ಣದೊಂದು ಕಾಂಟ್ರಾಕ್ಟ್ ಹಿಡಿದು ಗೆಳೆಯನ ಬೇಸ್‌ಮೆಂಟಿನಲ್ಲಿದ್ದರು. ಫೋನಿನಲ್ಲಿ ನನ್ನ ಭಯ ತೋಡಿಕೊಂಡರೆ ಅವರಿಗೆ ನಗು. “ಏನೂ ಆಗಲ್ಲ ಕಣೆ, ನೀನೊಬ್ಳು ಸುಮ್ನೆ ಹೆದರ್ಕೊಂಡು ಸಾಯ್ತೀಯ” ಎನ್ನುತ್ತಿದ್ದರು. ಮೈಯೆಲ್ಲ ಉರಿದುಹೋಗುತ್ತಿತ್ತು. ಹೆದರಿದವರಿಗೆ ಧೈರ್ಯ ಹೇಳದಿದ್ದರೂ ಚಿಂತೆಯಿಲ್ಲ, ನಗಬಾರದು.

ನನ್ನ ಭಯ ಕಂಡು ನಗದವರು ಒಬ್ಬರೇ. ನಮ್ಮ ಮನೆಯ ಮೇಲಿನ ಮಹಡಿಯಲ್ಲಿದ್ದ ಸ್ಪೇನ್ ದೇಶದ ಮುದುಕರು. ಮೆಟ್ಟಿಲಿನ ಆ ಹೊಗೆವಾಸನೆ ಅವರ ಅಡುಗೆಯದೇ. ನಮ್ಮವರಿಗೆ ಹಿರಿಯರೆಲ್ಲ ಅಂಕಲ್ಲೇ ಆದ್ದರಿಂದ ನಾನು ಅವರನ್ನು ಮಹಡಿ ಅಂಕಲ್ ಮಾಡಿಕೊಂಡೆ. ಅವರ ಮಗಳು ನನ್ನದೇ ವಿಭಾಗದಲ್ಲಿದ್ದಳು; ನನ್ನ ಹಾಗೇ ವೀಸಾದ ಮೇಲೆ ಬಂದವಳು. ತಾಯಿ ಹೋದ ಮೇಲೆ ಅಪ್ಪನನ್ನು ಕರೆಸಿಕೊಂಡಿದ್ದಳು. ಒಂದು ಗುರುವಾರ ನಾನು ಪಾರ್ಕಿಂಗ್ ಲಾಟಿನಲ್ಲಿ ಕಾರು ಸ್ಟಾರ್ಟ್ ಮಾಡಲಾಗದೆ ಸ್ಟಿಯರಿಂಗ್ ಹಿಡಿದು ಕೂತಿದ್ದೆ. ಅಂಕಲ್ ಬಂದು ಗಾಜು ತಟ್ಟಿದರು. ಅವರದು ಮುರುಕು ಇಂಗ್ಲಿಷ್. ನನ್ನ ನೆನಪಿನಲ್ಲಿ ಮಾತ್ರ ಅವರ ಮಾತೆಲ್ಲ ಕನ್ನಡದಲ್ಲೇ ಉಳಿದಿದೆ. “ಉಸಿರು ಒಳಗೆ ಹಿಡ್ಕೊಂಡಿದೀಯ. ಮೊದಲು ಅದನ್ನ ಬಿಡು, ಆಮೇಲೆ ಕಾರು” ಎಂದರು. ಬಿಟ್ಟೆ. ಅಂದಿನಿಂದ ಅವರು ಗುರುವಾರ ತಪ್ಪದೆ ಕೆಳಗಿಳಿದು ಬಂದು ನಿಲ್ಲುತ್ತಿದ್ದರು. ಮಗಳನ್ನೂ ನನ್ನನ್ನೂ ಕಳಿಸಿ, ಕಾರುಗಳು ತಿರುವಿನಲ್ಲಿ ಮರೆಯಾಗುವವರೆಗೆ ಚಳಿಯಲ್ಲಿ ನಿಂತಿರುತ್ತಿದ್ದರು.

ಅವರು ಟೀವಿ ನಟರೆಂದು ಗೊತ್ತಾದದ್ದು ಎಷ್ಟೋ ದಿನಗಳ ಮೇಲೆ. ಹದಿನೇಳರ ವಯಸ್ಸಿಗೆ ಊರೂರು ತಿರುಗುವ ನಾಟಕ ತಂಡವೊಂದನ್ನು ಸೇರಿ, ಹತ್ತು ವರ್ಷ ಬಾಗಿಲು ತೆರೆಯುವ, ಪತ್ರ ತಂದುಕೊಡುವ ಪಾತ್ರಗಳಲ್ಲೇ ಸವೆದಿದ್ದರಂತೆ. ಆಮೇಲೆ ಟೀವಿಯ ಹಾಸ್ಯ ಧಾರಾವಾಹಿಯೊಂದಕ್ಕೆ ಆಯ್ಕೆಗೆ ಹೋದರು. ಹೆಂಡತಿ ಬಸುರಿ, ಕೈಯಲ್ಲಿ ಕೆಲಸವಿಲ್ಲ. ಎದುರಿಗೆ ಕೂತ ದೊಡ್ಡ ಮನುಷ್ಯರನ್ನು ಕಂಡು ಮೊಣಕಾಲು ನಡುಗಿ, ಜೇಬಿನಿಂದ ದೊಡ್ಡ ಬಿಳಿ ಕರವಸ್ತ್ರ ತೆಗೆದು ಹಣೆ ಒರೆಸಿಕೊಂಡರು. ಅವರೆಲ್ಲ ಹೊಟ್ಟೆ ಹಿಡಿದು ನಕ್ಕು, ಅಲ್ಲೇ ಪಾತ್ರ ಕೊಟ್ಟರು. ಪೊಲೀಸರಿಗೂ ಹೆದರುವ, ಡಾಕ್ಟರಿಗೂ ಹೆದರುವ, ಕೊನೆಗೆ ಪಕ್ಕದ ಮನೆಯ ಬೆಕ್ಕಿಗೂ ಹೆದರುವ ಬಾಡಿಗೆದಾರನ ಪಾತ್ರ. ಏಳು ವರ್ಷ ಒಂದು ದೇಶಕ್ಕೆ ದೇಶವೇ ಅವರ ನಡುಕಕ್ಕೆ ಕಾದು ಕೂತಿರುತ್ತಿತ್ತಂತೆ. “ಅದು ನಟನೆ ಅಲ್ಲ. ಪ್ರತಿ ಸಲ ನಿಜವಾಗಿ ಹೆದರ್ತಿದ್ದೆ. ಅವರು ಅದನ್ನ ಚಿತ್ರ ತೆಗೀತಿದ್ರು ಅಷ್ಟೆ” ಎಂದಿದ್ದರು ಅಂಕಲ್.

ಧಾರಾವಾಹಿ ಮುಗಿಯಿತು, ನಗು ಮಾತ್ರ ಮುಗಿಯಲಿಲ್ಲ. ಮಗನನ್ನು ಕಳೆದುಕೊಂಡ ತಂದೆಯ ಪಾತ್ರದಲ್ಲಿ ವೇದಿಕೆಗೆ ಬಂದರೆ, ಬಾಯಿ ಬಿಡುವ ಮೊದಲೇ ಜನ ನಕ್ಕರು. ಬೇರೆ ಪಾತ್ರಗಳು ನಿಂತುಹೋದವು. ಕೊನೆಗೆ ಹೆಂಡತಿಯ ಶವಪೆಟ್ಟಿಗೆಯ ಮುಂದೆ ಕಣ್ಣೊರೆಸಲು ಕರವಸ್ತ್ರ ತೆಗೆದಾಗ ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರಂತೆ... ಆಮೇಲೆ ಆ ದೇಶ ಬೇಡವಾಯಿತು. ಇಲ್ಲಿ ಮೊದಲ ಸಲ ನೆಗಡಿಯಾದಾಗ ಅಂಗಡಿಯಲ್ಲಿ ಕರವಸ್ತ್ರ ತೆಗೆದು ಮೂಗೊರೆಸಿಕೊಂಡರೂ ಯಾರೂ ತಿರುಗಿ ನೋಡಲಿಲ್ಲವೆಂದು ಹೇಳುವಾಗ ಅವರ ಮುಖ ನೋಡಬೇಕಿತ್ತು. ಹಾಗಾಗಿ ಮಗಳ ಕೆಲಸ ಹೋದರೆ ಅವರಿಗೆ ಹೋಗುವುದು ಬರೀ ಮನೆಯಲ್ಲ. ಹೆದರಿದರೆ ಹೆದರಿದವನ ಹಾಗೇ ಕಾಣಿಸಬಹುದಾದ ಒಂದೇ ಒಂದು ಊರು ಹೋಗುತ್ತಿತ್ತು.

ಆ ವರ್ಷ ಕನ್ನಡ ಕೂಟದ ರಾಜ್ಯೋತ್ಸವಕ್ಕೆ ನಾಟಕ ಆಡಬೇಕಿದ್ದ ಎರಡು ಸಂಸಾರಗಳು ಕೆಲಸ ಕಳೆದುಕೊಂಡು ಊರು ಬಿಟ್ಟಿದ್ದವು. ಕಾರ್ಯಕ್ರಮದ ಹೊಣೆ ನನ್ನ ತಲೆಯ ಮೇಲಿತ್ತು. ಅಂಕಲ್‌ಗೆ ಗಂಟುಬಿದ್ದೆ. ವಾರಗಟ್ಟಲೆ ಒಲ್ಲೆ ಎಂದವರು, ಕೊನೆಗೆ ಎರಡು ಷರತ್ತು ಹಾಕಿ ಒಪ್ಪಿದರು. ಹಳೆಯ ನಡುಗುವ ಪಾತ್ರ ಕೇಳಬಾರದು. ವೇದಿಕೆಯ ಮೇಲೆ ಹಳದಿ ಬಣ್ಣ ಇರಬಾರದು. ಅವರ ಕಡೆಯ ರಂಗದವರಿಗೆ ಹಳದಿ ಆಗಿಬರುವುದಿಲ್ಲ. ಹಳದಿ ಕೋಟು ತೊಟ್ಟ ಗೆಳೆಯನೊಬ್ಬ ಎರಡನೇ ಅಂಕದಲ್ಲಿ ಕುಸಿದು ಮತ್ತೆ ಏಳದಿದ್ದುದನ್ನು ಅವರು ಕಣ್ಣಾರೆ ಕಂಡಿದ್ದರು. ಎಡಗಣ್ಣು ಅದುರಿದರೆ ಅರ್ಧ ದಿನ ಒದ್ದಾಡುವ ನಾನು ಅದಕ್ಕೆ ನಗಲು ಹೋಗಲಿಲ್ಲ. ಚೆಂಡುಹೂವಿನ ತೋರಣ ಬಿಚ್ಚಿಸಿದೆ, ಪರದೆ ಬದಲಾಯಿಸಿದೆ. ಹಳದಿ ಲಂಗದ ಇಬ್ಬರು ಹುಡುಗಿಯರನ್ನು ಪ್ರಾರ್ಥನೆ ಮುಗಿದ ಕೂಡಲೇ ಕೆಳಗಿಳಿಸಿ, ಅವರ ತಾಯಂದಿರ ಕೈಯಲ್ಲಿ ಬೈಸಿಕೊಂಡೆ.

ಅಂಕಲ್ ಎಂಟು ನಿಮಿಷ ಮಾತಿಲ್ಲದೆ ಆಡಿದರು. ಅವಸರದಲ್ಲಿ ಅಂಗಿ ಇಸ್ತ್ರಿ ಮಾಡಲು ಹೊರಟವನ ಕತೆ. ಅಜ್ಜಿಯರಿಂದ ಹಿಡಿದು ಮಕ್ಕಳವರೆಗೆ ಬಿದ್ದು ಬಿದ್ದು ನಕ್ಕರು. ಅಂಗಿಗೆ ನಕ್ಕರು, ಇಸ್ತ್ರಿಪೆಟ್ಟಿಗೆಗೆ ನಕ್ಕರು, ಕೌಶಲಕ್ಕೆ ಚಪ್ಪಾಳೆ ತಟ್ಟಿದರು. ಬಾಗಿ ವಂದಿಸುವಾಗ ಅವರು ಹತ್ತು ವರ್ಷ ಚಿಕ್ಕವರಾಗಿ ಕಂಡರು. ಅವರು ಹಾಗೇ ಕೆಳಗಿಳಿದಿದ್ದರೆ...

ಇಳಿಯಲು ನಾವು ಬಿಡಬೇಕಲ್ಲ. “ಶಾಲು ಹೊದಿಸ್ದೆ ಗೆಸ್ಟನ್ನ ಹಾಗೇ ಕಳ್ಸೋಕಾಗತ್ತೇನ್ರಿ?” ಎಂದರು ಕೂಟದ ಅಧ್ಯಕ್ಷರು. ನಾನೇ ತಟ್ಟೆ ಹಿಡಿದು ನಡೆದೆ. ತಟ್ಟೆಯಲ್ಲಿ ಹಾರ, ತೆಂಗಿನಕಾಯಿ, ನಮ್ಮ ಬಾವುಟದ ಬಣ್ಣದ ಶಾಲು. ಅರ್ಧ ಹಳದಿ, ಅರ್ಧ ಕೆಂಪು. ಮೂರು ದಿನದಿಂದ ಹೂವು, ಲಂಗ, ಪರದೆಗಳಲ್ಲಿ ಹಳದಿ ಹುಡುಕಿ ತೆಗೆದ ನನಗೆ ಅದು ಹಳದಿಯಾಗಿ ಕಾಣಲೇ ಇಲ್ಲ. ಅರಿಶಿನ ಕುಂಕುಮ ಎಂದಷ್ಟೇ ಕಂಡಿತು. ಅಧ್ಯಕ್ಷರು ಶಾಲು ಬಿಡಿಸಿದರು. ಅಂಕಲ್ ಒಂದು ಹೆಜ್ಜೆ ಹಿಂದೆ ಸರಿದರು. ಮೊಣಕಾಲು ನಡುಗಿದವು, ಮುಖ ಬಿಳಿಚಿಕೊಂಡಿತು, ಕೈ ಜೇಬಿಗೆ ಹೋಗಿ ಕರವಸ್ತ್ರ ಹೊರಬಂತು. ಇದೂ ಆಟದ ಭಾಗವೆಂದುಕೊಂಡು ಸಭೆಗೆ ಸಭೆಯೇ ಘೊಳ್ಳೆಂದು ನಕ್ಕಿತು. ಅಧ್ಯಕ್ಷರು ಶಾಲು ಹಿಡಿದು ಮುಂದೆ ಬಂದಷ್ಟೂ ಅಂಕಲ್ ಹಿಂದೆ ಸರಿದರು, ನಗು ಹೆಚ್ಚಾಯಿತು. ಅವರು ತಿರುಗಿ ನನ್ನನ್ನು ನೋಡಿದರು. ಆಮೇಲೆ ಕಣ್ಣು ಮುಚ್ಚಿ ಹೊದಿಸಿಕೊಂಡರು.

ಮುಂದಿನ ಗುರುವಾರ ಫೋನು ಹೊಡೆದುಕೊಂಡಿತು. ನನ್ನದಲ್ಲ, ಅವರ ಮಗಳದು. ಪೆಟ್ಟಿಗೆ ಹಿಡಿದು ಅವಳು ನನ್ನ ಮೇಜಿನ ಮುಂದೆ ಹಾದುಹೋದಾಗ ನನಗೆ ಮೊದಲು ಆದದ್ದು ಸಮಾಧಾನ. ಹೇಳಿಕೊಳ್ಳಲು ನಾಚಿಕೆಯಾಗುತ್ತದೆ, ಆದರೂ ನಿಜ. ಶಾಲಿಗೂ ಅದಕ್ಕೂ ಸಂಬಂಧವಿಲ್ಲ ಎಂದು ನನಗೆ ಗೊತ್ತು. ಗೊತ್ತಿದ್ದೂ ಇವತ್ತಿಗೂ ಯಾರಿಗೂ ಶಾಲು ಹೊದಿಸುವ ಕೆಲಸಕ್ಕೆ ನಾನು ಕೈ ಹಾಕುವುದಿಲ್ಲ. ಸ್ಪೇನ್‌ಗೆ ವಾಪಸು ಹೊರಡುವ ದಿನ ಅಂಕಲ್ ಕೆಳಗಿಳಿದು ಬಂದು ಕೈ ಕುಲುಕಿದರು. “ಉಸಿರು ಬಿಡೋದು ಮರೀಬೇಡ” ಎಂದರು. ಶಾಲಿನ ವಿಷಯಕ್ಕೆ ಕ್ಷಮಿಸಿ ಎನ್ನಬೇಕೆಂದಿದ್ದೆ. ಅಷ್ಟರಲ್ಲಿ ಟ್ಯಾಕ್ಸಿ ಬಂತು...

ಮೆಣಸಿನಪುಡಿಯ ಡಬ್ಬಿ ತೆರೆದ ದಿನವೇ ಅವರ ಮಗಳ ಹಳೆಯ ವಿಳಾಸ ಹುಡುಕಿ ಈಮೇಲ್ ಬರೆದೆ. ನಿನ್ನೆ ಉತ್ತರ ಬಂತು. ಅಂಕಲ್ ಹೋಗಿ ಎರಡು ವರ್ಷವಾಯಿತಂತೆ. ಹೃದಯದ ಆಪರೇಷನ್‌ಗೆ ಒಯ್ಯುವಾಗ ಕೈಕಾಲು ನಡುಗುತ್ತಿದ್ದವಂತೆ. ಹಾಸಿಗೆಯಲ್ಲಿ ಕರವಸ್ತ್ರಕ್ಕಾಗಿ ತಡಕಾಡಿದರಂತೆ. ಆಗ ಒಬ್ಬ ನರ್ಸ್ ಗುರುತು ಹಿಡಿದು ನಕ್ಕಳಂತೆ. ‘ಒಳ್ಳೆಯ ಹುಡುಗಿ, ಪ್ರೀತಿಯಿಂದಲೇ ನಕ್ಕಳು, ಅಪ್ಪ ಕೊನೆಗೆ ಕಂಡದ್ದು ಅದನ್ನೇ’ ಎಂದು ಬರೆದಿದ್ದಾಳೆ.

ಆ ನರ್ಸನ್ನು ಬೈಯಲು ನನಗೆ ಬಾಯಿಲ್ಲ. ಅಂದು ವೇದಿಕೆಯ ಮೇಲೆ ಅಂಕಲ್ ತಿರುಗಿ ನನ್ನನ್ನು ನೋಡಿದಾಗ ನಾನು ಏನು ಮಾಡುತ್ತಿದ್ದೆ ಎಂಬುದನ್ನು ಇಷ್ಟು ಹೊತ್ತೂ ಬರೆಯದೆ ತಪ್ಪಿಸಿಕೊಂಡೆ. ತಟ್ಟೆ ಹಿಡಿದುಕೊಂಡು, ಎಲ್ಲರ ಜೊತೆ ನಾನೂ ನಗುತ್ತಿದ್ದೆ.