ಸೋಮವಾರದ ಗೊಬ್ಬರದ ಗಾಡಿ

ಚಿಕ್ಕೋಡಿಯ ನಮ್ಮ ಅಂಗಡಿಯ ಮುಂದೆ ಎಂಟು ಗೊಬ್ಬರದ ಗಾಡಿಗಳು ಸಾಲಾಗಿ ನಿಂತಿದ್ದ ಬೇಸಿಗೆ ಅದು. ಎಂಬತ್ತರ ದಶಕ ಮುಗಿಯುತ್ತಾ ಬಂದಿತ್ತು. ಪಿಯುಸಿ ಮುಗಿಸಿದ್ದ ನಾನು ಬೆಳಿಗ್ಗೆ ಅಂಗಡಿಯ ಗಲ್ಲಾ ಪೆಟ್ಟಿಗೆಯ ಪಕ್ಕ ಕೂತು ಡೈರಿಯ ಪುಟದಲ್ಲಿ ಮೂರು ಪಟ್ಟಿ ಎಳೆಯುತ್ತಿದ್ದೆ. ಮೊದಲನೆಯದು ಗಾಡಿಯ ಬೆಲೆ ಕೇಳಿದವರು, ಎರಡನೆಯದು ಹಿಡಿಕೆ ಹಿಡಿದು ನೋಡಿದವರು, ಮೂರನೆಯದು ಕೊಂಡವರು. ಮೊದಲೆರಡು ಪಟ್ಟಿಗಳು ಸಂಜೆಯೊಳಗೆ ಚೆನ್ನಾಗಿ ತುಂಬುತ್ತಿದ್ದವು. ಮೂರನೆಯದರಲ್ಲಿ ಏನೂ ಬರೆಯುವ ಹಾಗಿರಲಿಲ್ಲ. ಕೆಲವು ದಿನ ಅಲ್ಲಿ ಹೂವು, ಬಳ್ಳಿ ಬರೆದು ಜಾಗ ತುಂಬಿಸಿದ್ದೇನೆ.

ನಮ್ಮದು ಜೈನರ ಮನೆ. ಅಜ್ಜನ ಕಾಲದಲ್ಲೇ ಹೊಲವನ್ನು ಗೇಣಿಗೆ ಕೊಟ್ಟು ಅಂಗಡಿ ಹಿಡಿದವರು. ರಂಟೆಯ ಕುಳ, ಕುಂಟೆ, ಹಗ್ಗ, ಪಂಪಿನ ವಾಶರು ಇಂಥವುಗಳ ವ್ಯಾಪಾರ. ಸಾಂಗಲಿ ಕಡೆಯ ಒಂದು ಕಂಪನಿಯ ಏಜೆನ್ಸಿ ಸಿಕ್ಕಾಗ ಅಪ್ಪ ಬಹಳ ಆಸೆಯಿಂದ ಹಳೆಯ ಸರಕನ್ನೆಲ್ಲ ಹಿಂದಿನ ಕೋಣೆಗೆ ತುರುಕಿ ಮುಂದಿನ ಜಾಗವನ್ನು ಗಾಡಿಗಳಿಗೆ ಬಿಟ್ಟಿದ್ದರು. ಗಾಡಿ ಎಂದರೆ ಎರಡು ಗಾಲಿಗಳ ಮೇಲೊಂದು ತಗಡಿನ ಪೆಟ್ಟಿಗೆ. ಪೆಟ್ಟಿಗೆಯ ತಳದಲ್ಲಿ ಹಲ್ಲುಗಳಿರುವ ಉರುಳಿ. ಗಾಲಿ ತಿರುಗಿದಂತೆ ಉರುಳಿ ತಿರುಗಿ, ಯೂರಿಯಾ ಎರಡು ನಳಿಗೆಗಳ ಮೂಲಕ ಸಾಲಿನ ಎರಡೂ ಬದಿಗೆ ಸಮನಾಗಿ ಬೀಳುತ್ತದೆ. ಮುಂದೆ ಎತ್ತು ಹೂಡಲು ಉದ್ದನೆಯ ಮರದ ಈಸು, ಹಿಂದೆ ಹಿಡಿಕೆ. ದಿನಾ ಅವುಗಳ ಧೂಳು ಒರೆಸಿ ಎಣ್ಣೆ ಹಾಕುವುದು ನನ್ನ ಕೆಲಸವಾಗಿತ್ತು. ಹೀಗಾಗಿ ಯಾವ ಬೋಲ್ಟು ಎಲ್ಲಿದೆ ಎಂದು ಕಣ್ಣು ಮುಚ್ಚಿ ಹೇಳಬಲ್ಲವಳಾಗಿದ್ದೆ.

ನೋಡಿದವರು ಯಾಕೆ ಕೊಳ್ಳುತ್ತಿಲ್ಲ ಎಂಬುದನ್ನೂ ಬರೆದಿಟ್ಟುಕೊಳ್ಳುತ್ತಿದ್ದೆ. ಕಾಗವಾಡದ ರೈತನೊಬ್ಬ ಹಿಡಿಕೆ ಹಿಡಿದು, ಗಾಲಿ ತಿರುಗಿಸಿ, ಪೆಟ್ಟಿಗೆಯ ಮುಚ್ಚಳ ತೆಗೆದು ಒಳಗೆ ಇಣುಕಿ, ಕೊನೆಗೆ ಹೇಳಿದ ಮಾತು ಎಲ್ಲರ ಮಾತೂ ಆಗಿತ್ತು.

"ಸಾವ್ಕಾರ್ರ, ಕಬ್ಬ ನಾಟಿ ಮಾಡೂ ಮುಂದ ನಾಕ ದಿನಾ ಇದರ ಕೆಲಸಾ. ಆಮ್ಯಾಲೆ ಕಬ್ಬ ಎದ್ದಮ್ಯಾಲೆ ಎತ್ತ ಒಳಗ ಹೋಗಂಗಿಲ್ಲ. ಉಳದ ವರ್ಷೆಲ್ಲಾ ಇದರಾಗ ಕೋಳಿ ಕಾವಿಗೆ ಕುಂಡ್ರಸ್ಲೇನು?"

ಅವನ ಮಾತು ನಿಜವೇ. ಕಬ್ಬಿಗೆ ನಾಟಿಯ ಹೊತ್ತಿಗೆ ಒಮ್ಮೆ ಗೊಬ್ಬರ ಕೊಟ್ಟರೆ ಸಾಲದು. ಬೆಳೆದಂತೆ ಮತ್ತೆ ಮತ್ತೆ ಕೊಡಬೇಕು. ಸೊಂಟದೆತ್ತರದ ಕಬ್ಬಿನೊಳಗೆ ಜೋಡಿ ಎತ್ತು ಹೊಕ್ಕರೆ ಅರ್ಧ ತುಳಿಯುತ್ತವೆ, ಅರ್ಧ ತಿನ್ನುತ್ತವೆ. ಆಗ ಹೆಂಗಸರೇ ಬುಟ್ಟಿ ಕಂಕುಳಲ್ಲಿಟ್ಟು ಸಾಲು ಹಿಡಿಯಬೇಕು. ಕಬ್ಬಿನ ಗರಿ ಗರಗಸದ ಹಾಗೆ. ಅದು ಕೈಯನ್ನು ಗೀರುತ್ತದೆ, ಗೀರಿದ ಜಾಗಕ್ಕೆ ಯೂರಿಯಾ ಸೇರಿ ಉರಿಯುತ್ತದೆ.

ಅಷ್ಟರಲ್ಲಿ ಕಂಪನಿಯ ಸಾಹೇಬರು ಜೀಪಿನಲ್ಲಿ ಬಂದರು. ಎಣ್ಣೆ ಹಾಕಿ ಮಿಂಚುತ್ತಿದ್ದ ಎಂಟೂ ಗಾಡಿಗಳನ್ನು ನೋಡಿ ಅವರಿಗೆ ಸಂತೋಷವೇನೂ ಆಗಲಿಲ್ಲ. ಮಳೆ ಹತ್ತುವುದರೊಳಗೆ ಇವು ಹೋಗದಿದ್ದರೆ ಏಜೆನ್ಸಿಯನ್ನು ನಿಪ್ಪಾಣಿಯ ಅಂಗಡಿಯವರಿಗೆ ಕೊಡುವುದಾಗಿ ಖಡಾಖಂಡಿತವಾಗಿ ಹೇಳಿದರು. ಅಪ್ಪ ತಲೆ ತಗ್ಗಿಸಿ ಕೂತರು. ಆ ದಿನ ಸೂರ್ಯ ಮುಳುಗುವ ಮೊದಲಿನ ನಮ್ಮ ಮನೆಯ ಊಟಕ್ಕೂ ಅವರು ಏಳಲಿಲ್ಲ. ಮುಳುಗಿದ ಮೇಲೆ ಉಣ್ಣುವ ಪದ್ಧತಿ ನಮ್ಮಲ್ಲಿಲ್ಲ. ಹಾಗೇ ಮಲಗಿದರು.

ಕೊನೆಯ ಪ್ರಯತ್ನವಾಗಿ ಒಂದು ಪ್ರಾತ್ಯಕ್ಷಿಕೆ ಇಡುವುದೆಂದಾಯಿತು. ಸಾಹೇಬರು ತಮಗೆ ಸೋಮವಾರ ಬಿಡುವು ಎಂದರು. ಅಪ್ಪ ಕೂಡಲೇ ಒಪ್ಪಿದರು. ನಾನು ಸುತ್ತಲಿನ ಊರುಗಳ ಸಂತೆಯ ದಿನಗಳನ್ನು ಬರೆದು ನೋಡಿದೆ. ಯಾವುದಕ್ಕೂ ಅಡ್ಡ ಬರಲಿಲ್ಲ. ಅಂಕಲಿಯಲ್ಲಿ ಅವ್ವನ ತಮ್ಮ, ನಮ್ಮ ಮಾಮಾ, ಕಬ್ಬು ಬೆಳೆಯುತ್ತಿದ್ದ. ಅವನ ಹೊಲದ ಪಕ್ಕ ಒಂದು ಖಾಲಿ ತುಂಡು ಇತ್ತು. ಬಸ್ಸಿನ ಕಂಡಕ್ಟರನ ಕೈಯಲ್ಲಿ ಅವನಿಗೆ ಹೇಳಿ ಕಳಿಸಿದೆವು. ಅಂಗಡಿಯ ಕರಿ ಹಲಗೆಯ ಮೇಲೆ ನಾನು ದೊಡ್ಡ ಅಕ್ಷರದಲ್ಲಿ ಬರೆದೆ: ಸೋಮವಾರ, ಅಂಕಲಿ, ಎಲ್ಲರೂ ಬರ್ರಿ.

ಎಲ್ಲರೂ ಬಂದರು. ರಾಯಬಾಗದಿಂದ, ಚಿಂಚಲಿಯಿಂದ, ಶಿರಗುಪ್ಪಿಯಿಂದ, ಸೈಕಲ್ ಮೇಲೆ, ಬಸ್ಸಿನ ಟಾಪಿನ ಮೇಲೆ. ಬಂದವರನ್ನು ಎಣಿಸಲು ಹೊರಟ ನಾನು ಸ್ವಲ್ಪ ಹೊತ್ತಿಗೆ ಕೈಬಿಟ್ಟು ಅವರಿಗೆ ನೀರು ಕೊಡುವ ಕೆಲಸ ಹಿಡಿದೆ. ಅಪ್ಪನ ಮುಖ ಅರಳಿತ್ತು. ಸಾಹೇಬರು ಬಿಳಿ ಟೊಪ್ಪಿಗೆ ಹಾಕಿಕೊಂಡು ಖಾಲಿ ತುಂಡಿನ ನಡುವೆ ನಿಂತು ಗಾಡಿಯ ಗುಣಗಳನ್ನೆಲ್ಲ ವಿವರಿಸಿದರು. ವಿವರಿಸಿ ಮುಗಿಸಿ ಕೈ ಚಾಚಿದರು.

"ಹಾಂ, ಈಗ ಎತ್ತು ಹೂಡ್ರಿ."

ಅಪ್ಪ ಮಾಮಾನ ಕಡೆ ನೋಡಿದರು. ಮಾಮಾ ಅಪ್ಪನ ಕಡೆ ನೋಡಿದ. ಅಕ್ಕನ ಗಂಡನೆಂದು ಅವನು ಅಪ್ಪನನ್ನು ದಾಜಿ ಎನ್ನುತ್ತಿದ್ದ.

"ದಾಜಿ, ಇವತ್ತ ಸೋಮವಾರ ಅಲ್ಲೇನ್ರಿ?"

"ಹೌದು. ಅದಕ್ಕೇನಾತು?"

"ಬಸವಣ್ಣನ ವಾರ ದಾಜಿ. ಊರಾಗ ಯಾರೂ ಎತ್ತಿನ ಹೆಗಲಿಗೆ ನೊಗಾ ಇಡಂಗಿಲ್ಲ. ನಾ ಅಂದ್ಕೊಂಡೆ, ಕಂಪನ್ಯಾವರು ಟ್ರ್ಯಾಕ್ಟರ್ ತರತಾರ ಅಂತ."

ಅಪ್ಪ ಹಣೆ ಹಿಡಿದುಕೊಂಡರು. ಅವರೂ ನಾನೂ ಜನರ ಬಿಡುವು ನೋಡಿದ್ದೆವು, ಸಾಹೇಬರು ಜೀಪಿನ ಬಿಡುವು ನೋಡಿದ್ದರು. ಎತ್ತಿನ ಬಿಡುವನ್ನು ಯಾರೂ ನೋಡಿರಲಿಲ್ಲ. ಎರಡು ತಲೆಮಾರು ಎತ್ತು ಕಟ್ಟದ ಮನೆಯವರಿಗೆ ಆ ವಾರವೇ ಮರೆತುಹೋಗಿತ್ತು. ಇಷ್ಟು ಜನ ಬಂದು ನಿಂತದ್ದೂ ಅದಕ್ಕೇ. ಎತ್ತು ಕೊಟ್ಟಿಗೆಯಲ್ಲಿದ್ದವು, ಎತ್ತಿನವರು ಇಲ್ಲಿದ್ದರು.

"ಒಂದು ತಾಸಿನ ಕೆಲಸ," ಎಂದರು ಸಾಹೇಬರು. "ಎತ್ತಿಗೇನು ಕ್ಯಾಲೆಂಡರ್ ಗೊತ್ತಾಗತದೇನು?"

"ಎತ್ತಿಗೆ ಗೊತ್ತಾಗಂಗಿಲ್ರಿ," ಎಂದ ಗುಂಪಿನಲ್ಲಿದ್ದ ಮುದುಕನೊಬ್ಬ. "ಬಸವಣ್ಣಗ ಗೊತ್ತಾಗತೈತಿ."

ಜನ ನಕ್ಕರು. ಕೆಲವರು ಪಂಚೆ ಕೊಡವಿಕೊಂಡು ಎದ್ದರು. ಸಾಹೇಬರು ಅಪ್ಪನ ಹತ್ತಿರ ಬಂದು ಮರಾಠಿಯಲ್ಲಿ ತಗ್ಗಿದ ದನಿಯಲ್ಲಿ, ನಿಪ್ಪಾಣಿಯವರಾಗಿದ್ದರೆ ಹೀಗಾಗುತ್ತಿರಲಿಲ್ಲ ಎಂದದ್ದು ನನಗೂ ಕೇಳಿಸಿತು. ಏಜೆನ್ಸಿ ಹೋಯಿತು ಎಂದೇ ನಾನು ತಿಳಿದೆ.

ಕಬ್ಬಿನ ಹೊಲದ ಬದುವಿನ ಮೇಲೆ ಆ ದಿನ ಗೊಬ್ಬರ ಹಾಕಲು ಬಂದ ಹೆಂಗಸರ ತಂಡ ಕೂತಿತ್ತು. ತಂಡದ ಹಿರಿಯಳನ್ನು ಊರೆಲ್ಲ ಆಯಿ ಎನ್ನುತ್ತಿತ್ತು. ಎಲೆ ಅಡಿಕೆ ಹಾಕಿಕೊಂಡು ತಮಾಷೆ ನೋಡುತ್ತಿದ್ದ ಆಕೆ ಎದ್ದು ಸೀರೆಯ ಕಚ್ಚೆ ಬಿಗಿದುಕೊಂಡು ಗಾಡಿಯ ಹತ್ತಿರ ಬಂದಳು.

"ಎತ್ತಿಗೆ ಸೋಮವಾರ ಐತಿ. ನಮಗ ಯಾವ ವಾರ ಐತಿ? ತಂಗೀ, ಬಿಚ್ಚ ಆ ಈಸು."

"ಏ ಆಯಿ, ನೀ ಏನ ಎತ್ತೇನ?" ಎಂದು ಯಾರೋ ಕೂಗಿದರು.

"ಎತ್ತ ಆಗಿದ್ರ ಇವತ್ತ ನೆರಳಾಗ ಮಲಗಿರ್ತಿದ್ನಿ, ಭಾಡ್ಯಾ!"

ಈ ಸಲದ ನಗು ಬೇರೆಯಾಗಿತ್ತು. ಎದ್ದವರು ಮತ್ತೆ ಕೂತರು. ಇದು ಎತ್ತಿಗಾಗಿ ಮಾಡಿದ ಗಾಡಿ, ಹೆಂಗಸರಿಂದ ಆಗದು ಎಂದು ಸಾಹೇಬರು ಅಡ್ಡ ಬಂದರು. ಅಪ್ಪ ಮೊದಲ ಸಲ ಅವರ ಮಾತಿನ ನಡುವೆ ಬಾಯಿ ಹಾಕಿದರು.

"ಎಳೀಲಿ ಬಿಡ್ರಿ ಸಾಹೇಬ್ರ. ಹೋಗೂದೇನ ಉಳದೈತಿ?"

ನಾನು ಪಾನಾ ತಂದು ತಿರುಗಿಸಿ ಈಸಿನ ಎರಡೂ ಬೋಲ್ಟು ಬಿಚ್ಚಿದೆ. ಈಸು ಕೆಳಗೆ ಬಿತ್ತು. ಆ ಜಾಗಕ್ಕೆ ಮಾಮಾ ಬಾವಿಯ ಹಗ್ಗ ಕಟ್ಟಿಕೊಟ್ಟ. ಆಯಿ ಹಗ್ಗವನ್ನು ಹೆಗಲಿಗೆ ಹಾಕಿಕೊಂಡಳು, ಅವಳ ಸೊಸೆ ಅದೇ ಹಗ್ಗ ಹಿಡಿದು ಹಿಂದೆ ನಿಂತಳು. ಹಿಡಿಕೆ ಹಿಡಿಯಲು ಯಾರೂ ಮುಂದೆ ಬರದಿದ್ದಾಗ ನಾನೇ ಹಿಡಿದೆ. ಸಾಹೇಬರು ಖಾಲಿ ತುಂಡಿನ ಕಡೆ ಕೈ ತೋರಿಸಿದರು. ಆಯಿ ಆ ಕಡೆ ತಿರುಗಲೇ ಇಲ್ಲ.

"ಖಾಲಿ ಹೊಲದಾಗ ಏನ ಮಾಡೂದೈತಿ? ಕೆಲಸ ಇಲ್ಲೈತಿ," ಎಂದು ನೇರವಾಗಿ ಸೊಂಟದೆತ್ತರದ ಕಬ್ಬಿನ ಸಾಲಿಗೆ ಇಳಿದಳು.

ಗಾಡಿ ಇಷ್ಟು ಹಗುರ ಎಂದು ದಿನಾ ಒರೆಸುತ್ತಿದ್ದ ನನಗೂ ತಿಳಿದಿರಲಿಲ್ಲ. ಎಂಟು ಕಾಲಿನ ಬಲಕ್ಕೆಂದು ಮಾಡಿದ ಅದರ ಭಾರವೆಲ್ಲ ಆ ಮರದ ಈಸಿನಲ್ಲೇ ಇತ್ತು. ಅದು ಹೋದ ಮೇಲೆ ಎರಡು ಗಾಲಿಗಳು ಎರಡು ಕಬ್ಬಿನ ಸಾಲುಗಳ ನಡುವೆ ಸರಾಗವಾಗಿ ಉರುಳಿದವು. ಪೆಟ್ಟಿಗೆಯ ತಳದ ಉರುಳಿ ಟಕ್ ಟಕ್ ಎನ್ನುತ್ತಿತ್ತು. ಎರಡೂ ಬದಿಯ ಬುಡಕ್ಕೆ ಬಿಳಿ ಕಾಳು ಗೆರೆ ಎಳೆದಂತೆ ಬೀಳುತ್ತಿತ್ತು. ನಡುವೆ ಯೂರಿಯಾದ ಹೆಂಟೆಯೊಂದು ನಳಿಗೆಗೆ ಸಿಕ್ಕಿ ಗೆರೆ ನಿಂತಿತು. ನಾನು ಪಾನಾದಿಂದ ಪೆಟ್ಟಿಗೆಗೆ ಎರಡು ಏಟು ಹಾಕಿದೆ, ಮತ್ತೆ ಬಿತ್ತು. ಹೊರಗಿನವರಿಗೆ ನಮ್ಮ ತಲೆ, ಹೆಗಲು ಬಿಟ್ಟರೆ ಗಾಡಿ ಕಾಣುತ್ತಿರಲಿಲ್ಲ. ಕಬ್ಬಿನೊಳಗಿಂದ ಬರುವ ಸದ್ದನ್ನು ಹಿಡಿದು ಗುಂಪು ಬದುವಿನ ಗುಂಟ ಓಡಿತ್ತು ಎಂದು ಆಮೇಲೆ ಅಪ್ಪ ಹೇಳಿದರು. ಸಾಲಿನ ಆ ತುದಿಯಲ್ಲಿ ನಾವು ಹೊರಬಂದಾಗ ಅಷ್ಟೂ ಜನ ಅಲ್ಲಿ ನಿಂತಿದ್ದರು.

ಆಯಿ ಹಗ್ಗ ಇಳಿಸಿ ಎರಡೂ ಅಂಗೈಗಳನ್ನು ತಿರುಗಿಸಿ ನೋಡಿಕೊಂಡಳು. ಸೊಸೆಯ ಕೈ ಹಿಡಿದು ನೋಡಿದಳು.

"ಉರಿ ಇಲ್ಲಬೇ," ಎಂದಳು.

ಅಷ್ಟು ಸಾಕಾಯಿತು. ಹೆಂಗಸರೆಲ್ಲ ಬಂದು ಗಾಡಿಯನ್ನು ಸುತ್ತುವರಿದರು. ಗಂಡಸರು ಸಾಲಿಗೆ ಇಳಿದು ಕೂತು, ಬುಡದಲ್ಲಿ ಬಿದ್ದ ಕಾಳನ್ನು ಬೆರಳಿಂದ ಮುಟ್ಟಿ ನೋಡಿದರು. ಶಿರಗುಪ್ಪಿಯ ರೈತನೊಬ್ಬ ಅಪ್ಪನ ಹತ್ತಿರ ಬಂದು, "ನನಗ ಈಸು ಬ್ಯಾಡ್ರಿ. ಈಸಿನ ರೊಕ್ಕಾ ಬಿಟ್ಟ ಹೇಳ್ರಿ," ಎಂದು ಚೌಕಾಸಿಗೆ ನಿಂತ. ಚೌಕಾಸಿ ಎಂದರೆ ವ್ಯಾಪಾರ ಕುದುರಿದ ಹಾಗೆ. ಅಪ್ಪನ ಬೆನ್ನು ನೆಟ್ಟಗಾದದ್ದನ್ನು ನಾನು ಕಂಡೆ.

"ತಡೀಪಾ, ಮೊದಲ ನಾ," ಎಂದು ಆಯಿ ನಡುವೆ ನುಗ್ಗಿದಳು. "ಸಾವ್ಕಾರ್ರ, ಒಂದ ಗಾಡಿ ನಮ್ಮ ತಂಡಕ್ಕ."

"ನಿಮಗ ಹೊಲಾ ಎಲ್ಲೈತಿ ಆಯಿ?"

"ಹೊಲಾ ಇವರದೈತಲ್ಲ. ಗಾಡಿ ನಮ್ಮದ. ಎಕರೆಕ್ಕ ಇಷ್ಟಂತ ಗುತ್ತಿಗಿ ಮಾತಾಡ್ತೀವಿ. ದಿನಗೂಲಿ ಸಾಕಾಗೈತಿ."

ಶಿರಗುಪ್ಪಿಯವನು ತಲೆ ಕೆರೆದುಕೊಂಡ. "ಹಂಗಾರ ನಾ ಯಾಕ ಗಾಡಿ ತಗೋಬೇಕು? ನಿಮ್ಮನ್ನ ಕರಸ್ತೀನಿ."

"ಕರಸು. ಅಂಕಲಿ ಕಬ್ಬ ಎಲ್ಲಾ ಮುಗದ ಮ್ಯಾಲೆ ಬರ್ತೀವಿ. ಅಲ್ಲೀತನಕಾ ನಿನ್ನ ಕಬ್ಬ ಉಪಾಸ ಇರ್ಲಿ."

ಅವನೂ ಒಂದು ಕೊಂಡ. ಆಯಿಯ ತಂಡ ವಾರ ವಾರ ಕೊಡುವ ಮಾತಿನ ಮೇಲೆ ತೆಗೆದುಕೊಂಡಿತು, ಮಾತಿನಂತೆ ತೀರಿಸಿತು. ಬಿಲ್ಲು ಬರೆಯಲು ಅಪ್ಪ ಪುಸ್ತಕವನ್ನು ನನ್ನ ಕೈಗೆ ಕೊಟ್ಟರು. ಅಂಗಡಿಯಲ್ಲಿ ನಾನು ಬರೆದ ಮೊದಲ ಬಿಲ್ಲು ಅದು: ಹೆಂಗಸರ ತಂಡ, ಅಂಕಲಿ, ಗಾಡಿ ಒಂದು, ಈಸು ಇಲ್ಲ. ಆ ರಾತ್ರಿ ಡೈರಿಯ ಮೂರನೆಯ ಪಟ್ಟಿಯಲ್ಲಿ ಹೂವು ಬರೆಯಲು ಜಾಗ ಉಳಿಯಲಿಲ್ಲ.

ಮೊದಲ ಮಳೆ ಬೀಳುವ ಹೊತ್ತಿಗೆ ಅಂಗಡಿಯ ಮುಂದಿನ ಜಾಗ ಖಾಲಿಯಾಗಿತ್ತು. ಕೊನೆಯ ಗಾಡಿಯನ್ನು ಒಯ್ದವನು ಕಾಗವಾಡದ ಆ ರೈತ. "ಕೋಳಿ ಎಲ್ಲಿ ಕುಂಡ್ರಸ್ತಿಯೋ ಈಗ?" ಎಂದು ಅಪ್ಪ ಕೇಳಿದರು. "ಕೋಳಿಗೆ ಬ್ಯಾರೆ ಬುಟ್ಟಿ ಐತ್ರಿ. ಹೆಂಗಸರ ಬುಟ್ಟಿ ಖಾಲಿ ಆತಲ್ಲ," ಎಂದ. ಅದೇ ವಾರ ಸಾಹೇಬರು ಏಜೆನ್ಸಿಯ ಹೊಸ ಬೋರ್ಡು ತಂದು ಅಂಗಡಿಯ ನೆತ್ತಿಗೆ ತಾವೇ ನಿಂತು ಹೊಡೆಸಿದರು.

ಮುಂದಿನ ವರ್ಷಗಳಲ್ಲಿ ಈ ವ್ಯಾಪಾರ ಹೇಗೆ ಹೊರಳಿತು ಎಂಬುದು ನನ್ನ ಡೈರಿಗಳಲ್ಲಿ ಊರೂರಿನ ಪಟ್ಟಿಯಾಗಿ ಬೆಳೆದಿದೆ. ಹೊಳೆಯ ದಂಡೆಯ ಊರುಗಳು ಹಗ್ಗದ ಗಾಡಿಯನ್ನೇ ಕೇಳಿದವು. ಅಥಣಿಯ ಆಚೆಯ ಜೋಳದವರು ಈಸಿನದನ್ನೇ ಒಯ್ದರು. ನಿಪ್ಪಾಣಿಯ ತಂಬಾಕಿನವರು ಇನ್ನೂ ಸಣ್ಣದು ಬೇಕೆಂದರು. ಕಂಪನಿ ಕೊನೆಗೆ ಕಾರ್ಖಾನೆಯಲ್ಲೇ ಹಗ್ಗಕ್ಕೆ ಕೊಂಡಿ ಹಾಕಿ ಕಳಿಸತೊಡಗಿತು. ಈಗ ತೊಂಬತ್ತರ ದಶಕ ಅರ್ಧ ದಾಟಿದೆ. ಟ್ರ್ಯಾಕ್ಟರಿನ ಹಿಂದೆ ಕಟ್ಟಿ ಗೊಬ್ಬರ ಚೆಲ್ಲುವ ದೊಡ್ಡ ಯಂತ್ರಗಳೂ ಬಂದಿವೆ. ಅವನ್ನೂ ಮಾರುತ್ತೇವೆ. ಪ್ರಾತ್ಯಕ್ಷಿಕೆಗೆ ಹೊಲಕ್ಕೆ ಹೋಗುವವಳು ನಾನೇ. ಪಾನಾ ನನ್ನ ಚೀಲದಲ್ಲಿರುತ್ತದೆ.

ಏಜೆನ್ಸಿ ಉಳಿದ ಮರುವರ್ಷ ಸಾಹೇಬರು ಬೇರೆ ತಾಲೂಕುಗಳ ಅಂಗಡಿಯವರನ್ನು ಎರಡು ಜೀಪು ತುಂಬ ತಂದರು. ನಿಪ್ಪಾಣಿಯವರೂ ಇದ್ದರು. ಅಂಕಲಿಯ ತಂಡ ಗಾಡಿ ಎಳೆಯುವುದನ್ನು ಎಲ್ಲರಿಗೂ ತೋರಿಸಬೇಕೆಂದು ನಮಗೆ ತಿಳಿಸದೆಯೇ ನೇರವಾಗಿ ಆಯಿಯ ಮನೆಗೆ ಹೋಗಿ, ಅಲ್ಲಿಂದ ನಮ್ಮನ್ನು ಕರೆಸಿದರು. ನಾನೂ ಅಪ್ಪನೂ ಹೋಗುವಷ್ಟರಲ್ಲಿ ಅಂಗಳದಲ್ಲಿ ಜೀಪಿನವರೆಲ್ಲ ನಿಂತಿದ್ದರು. ಗಾಡಿಯನ್ನು ತೊಳೆದು ಗೋಡೆಗೆ ಒರಗಿಸಿದ್ದರು, ಪೆಟ್ಟಿಗೆಯ ಮೇಲೆ ಅರಿಸಿನ ಕುಂಕುಮ ಇತ್ತು. ಆಯಿ ಕಟ್ಟೆಯ ಮೇಲೆ ಕಾಲು ಚಾಚಿ ಕೂತು ಎಲೆಗೆ ಸುಣ್ಣ ಹಚ್ಚುತ್ತಿದ್ದಳು.

"ಇವತ್ತ ಸೋಮವಾರ, ಆಗಂಗಿಲ್ಲ ಅಂತಾಳ್ರಿ ಈಕಿ," ಎಂದು ಸಾಹೇಬರು ಅಪ್ಪನಿಗೆ ದೂರು ಹೇಳಿದರು. "ಇದೇನು ಎತ್ತೇ? ಕಬ್ಬಿಣ! ಕಬ್ಬಿಣಕ್ಕೂ ವಾರ ಐತೇನು?"

"ಕಬ್ಬಿಣಕ್ಕ ಅಲ್ರಿ ಸಾಹೇಬ್ರ," ಎಂದಳು ಆಯಿ, ಎಲೆ ಮಡಚುತ್ತ. "ಸೂಟಿ ನಮಗ. ನಾಳೆ ಬರ್ರಿ."

ಅಪ್ಪ ನನ್ನ ಮುಖ ನೋಡಿದರು. ನಾವಿಬ್ಬರೂ ಸಾಹೇಬರ ಎದುರಿಗೇ ನಕ್ಕುಬಿಟ್ಟೆವು. ಎರಡು ಜೀಪಿನ ಜನ ಅಂದು ಚಿಕ್ಕೋಡಿಯಲ್ಲೇ ಉಳಿದರು, ಸೂರ್ಯ ಮುಳುಗುವ ಮೊದಲೇ ನಮ್ಮ ಪಡಸಾಲೆಯಲ್ಲಿ ಊಟಕ್ಕೆ ಕೂತರು. ಅವ್ವ ಬಡಿಸುತ್ತಿದ್ದಾಗ ನಾನು ಅಂಗಡಿಗೆ ಹೋಗಿ ಕರಿ ಹಲಗೆ ಒರೆಸಿ ಬರೆದೆ: ಮಂಗಳವಾರ, ಅಂಕಲಿ, ಎಲ್ಲರೂ ಬರ್ರಿ. ಆಮೇಲೆ ಆ ಹಲಗೆಯ ಮೇಲೆ ಎಷ್ಟೋ ಊರುಗಳ ಹೆಸರು ಬರೆದಿದ್ದೇನೆ. ಸೋಮವಾರ ಎಂದು ಮತ್ತೆ ಬರೆದಿಲ್ಲ.