ಕಡಲಿಗೆ ಮುಖ ಮಾಡಿ ಕೂರುವ ಕೆಲಸ

ನಮ್ಮತ್ತೆ ಮೇವಿಸ್ ಮೊದಲ ಸಲ ಕಡಲಿಗೆ ಬೆನ್ನು ಹಾಕಿದ ದಿನ ನಾವು ಮನೆಮಂದಿಯೆಲ್ಲ ನೀರುಪಾಲಾಗಬೇಕಿತ್ತು. ಬದುಕಿ ಉಳಿದದ್ದೂ ಅವರಿಂದಲೇ. ಊರಿನ ಪಬ್ಬಿನಲ್ಲಿ ಈ ಕಥೆಗೆ ಈಗ ಕೈಕಾಲು, ಬಾಲ ಎಲ್ಲ ಮೂಡಿವೆ. ನಾನು ಅಲ್ಲಿದ್ದವಳು, ನಡೆದದ್ದನ್ನು ನಡೆದ ಹಾಗೆ ಹೇಳುತ್ತೇನೆ.

ಯಾರ್ಕ್‌ಷೈರ್ ಕರಾವಳಿಯ ರೇವನ್‌ವೈಕ್ ನನ್ನ ತವರು. ನನ್ನಪ್ಪ ಏಡಿ ಹಿಡಿಯುತ್ತಿದ್ದ. ನಮ್ಮ ಮನೆಯವರು ಕಡಲಿಗೆ ಹೋದರೆ ತಿನ್ನುವಂಥದ್ದನ್ನು ತರುತ್ತಿದ್ದರು. ಇಯಾನ್ ಸ್ಟೋರ್‌ನನ್ನು ಮದುವೆಯಾಗಿ ಅದೇ ಊರಿನ ಮೇಲಿನ ಬೀದಿಗೆ ಹೋದೆ ನೋಡಿ, ಅಲ್ಲಿ ಕಲ್ಲು ತರುತ್ತಿದ್ದರು. ನಮ್ಮ ಮಾವ ನಾರ್ಮನ್ ವಾರವಿಡೀ ಬಸ್ಸು ಓಡಿಸುವವರು. ಭಾನುವಾರ ನೀರು ಇಳಿಯುವ ಹೊತ್ತಿಗೆ ಸುತ್ತಿಗೆ, ಉಳಿ, ಹಳೇ ಪೇಪರು, ಟೀ ಫ್ಲಾಸ್ಕು ಚೀಲಕ್ಕೆ ತುಂಬಿಕೊಂಡು ಅವರು ಎದ್ದರೆಂದರೆ ಹೆಂಡತಿ, ಮಗ, ಸೊಸೆ, ಮೊಮ್ಮಗಳು ಎಲ್ಲರೂ ಹಿಂದೆ ಹೊರಡಬೇಕು. ಅದೇ ಆ ಮನೆಯ ಚರ್ಚು. ಕಡಿದಾದ ಬಂಡೆಗೋಡೆಯ ಕೆಳಗೆ ಸೊಂಟ ಬಗ್ಗಿಸಿ ನಡೆಯುವುದು, ಗುಂಡುಕಲ್ಲು ಕಂಡರೆ ಒಡೆಯುವುದು, ಒಳಗೆ ಸುರುಳಿ ಸುತ್ತಿದ ಚಿಪ್ಪಿನ ಪಳೆಯುಳಿಕೆ ಸಿಕ್ಕರೆ "ಹೂಂ" ಎನ್ನುವುದು. ಅದಕ್ಕಿಂತ ಜಾಸ್ತಿ ಖುಷಿಪಟ್ಟರೆ ಸ್ಟೋರ್ ಮನೆತನಕ್ಕೆ ಅವಮಾನ.

ಮುಂದಿನ ಕೋಣೆಯಲ್ಲಿ ಗಾಜಿನ ಬೀರು. ಒಬ್ಬೊಬ್ಬರಿಗೆ ಒಂದೊಂದು ಖಾನೆ, ಪ್ರತಿ ಕಲ್ಲಿನ ಮುಂದೆ ಹುಡುಕಿದವರ ಹೆಸರಿನ ಚೀಟಿ. ಮೇಲಿನದು ನಾರ್ಮನ್‌ದು, ಅದರ ಕೆಳಗೆ ಇಯಾನ್‌ದು. ಕಾಲಿಗೆ ಎಡವಿ ಸಿಕ್ಕ ಒಂದು ಕಲ್ಲಿನ ಕೃಪೆಯಿಂದ ಮದುವೆಯಾದ ವರ್ಷವೇ ನನಗೂ ಒಂದು ಮೂಲೆ ಸಿಕ್ಕಿತು. ಆರು ವರ್ಷದ ನನ್ನ ಮಗಳು ಜೋಡಿಗೂ ಜಾಗವಿತ್ತು. ಪ್ರತಿ ಶುಕ್ರವಾರ ಅದನ್ನೆಲ್ಲ ತೆಗೆದು ಒರೆಸಿ ಜೋಡಿಸಿಡುತ್ತಿದ್ದ ಮೇವಿಸ್‌ಗೆ ಮಾತ್ರ ಅದರಲ್ಲಿ ಬೆರಳಗಲದ ಜಾಗವಿರಲಿಲ್ಲ.

ಅವರ ಕೆಲಸ ಬೇರೆ. ಕಲ್ಲು ಹುಡುಕುವವರು ಒಮ್ಮೆ ತಲೆ ಬಗ್ಗಿಸಿದರೆ ಮುಗಿಯಿತು, ಬೆನ್ನ ಹಿಂದೆ ಕಡಲು ಬಂದು ನಿಂತರೂ ತಿಳಿಯುವುದಿಲ್ಲ. ನಾವು ಹೋಗುವ ಜಾಗಕ್ಕೆ ಇರುವುದು ಒಂದೇ ದಾರಿ. ಬಂಡೆಯ ಒಂದು ಚಾಚು ಕಡಲೊಳಗೆ ಹೋಗಿದೆ, ಅದಕ್ಕೆ ಮೂಗು ಎನ್ನುತ್ತೇವೆ. ನೀರು ಇಳಿದಾಗ ಅದರ ಬುಡ ಸುತ್ತಿಕೊಂಡು ಆಚೆ ಹೋಗಬೇಕು, ಏರುವ ಮೊದಲು ಹಾಗೇ ಈಚೆ ಬರಬೇಕು. ಮೂಗಿನ ಪಕ್ಕದಲ್ಲೊಂದು ಸೀಳಿದೆ. ಏರುವ ನೀರು ಅದರೊಳಗೆ ನುಗ್ಗಿದಾಗ ಹಂಡೆ ಕುದಿದ ಹಾಗೆ ಗುಳುಗುಳು ಎನ್ನುತ್ತದೆ, ಹೆಸರೂ ಹಂಡೆಯೇ. ಹಂಡೆ ಕುದಿಯುವ ಮೊದಲೇ ಹೊರಟಿರಬೇಕು. ಆಮೇಲೆ ಮೂಗಿನ ಬುಡ ಮುಳುಗುತ್ತದೆ. ಹಿಂದಿನ ಗೋಡೆಯನ್ನು ಹತ್ತೋಣವೆಂದರೆ ಅದು ಕೈಯಲ್ಲೇ ಉದುರುವ ಪದರುಗಲ್ಲು.

ಹಾಗಾಗಿ ಒಬ್ಬರು ಕಡಲಿಗೆ ಮುಖ ಮಾಡಿ ಕೂರಲೇಬೇಕು. ಇಯಾನ್ ಹೊಟ್ಟೆಯಲ್ಲಿದ್ದಾಗ ಬಗ್ಗಲಾರದೆ ಮೇವಿಸ್ ಒಂದು ಮೀನಿನ ಪೆಟ್ಟಿಗೆಯನ್ನು ಬೋರಲು ಹಾಕಿ ಕೂತರಂತೆ. ಕೂತವರನ್ನು ಏಳು ಎಂದವರಿಲ್ಲ. ಇಯಾನ್ ಹುಟ್ಟಿದ, ಬೆಳೆದ, ನನ್ನನ್ನು ಕಟ್ಟಿಕೊಂಡ. ಮರದ ಪೆಟ್ಟಿಗೆ ಹೋಗಿ ನೀಲಿ ಪ್ಲಾಸ್ಟಿಕ್ ಪೆಟ್ಟಿಗೆ ಬಂತು. ಅದರ ಮೇಲೆ ಕೂತವರು ಮಾತ್ರ ಅವರೇ.

ಕಾಯುವವರು ತಿರುಗಬಾರದು ಎಂಬ ನಿಯಮ ಮಾಡಿಕೊಂಡದ್ದೂ ಅವರೇ. ಏನಾದರೂ ಸಿಕ್ಕಾಗ ನಾರ್ಮನ್ ಕೂಗುವರು, "ಮೇವಿಸ್, ಬಾ ಇಲ್ಲಿ, ನೋಡು ಇದನ್ನ."

"ತಗೊಂಡ್ ಬಾ. ನಾನ್ ತಿರುಗಲ್ಲ."

"ನಮ್ಮವಳಿಗೆ ಕಲ್ಲಿನ ಕಣ್ಣಿಲ್ಲ ಬಿಡಿ" ಎಂದು ನಾರ್ಮನ್ ನಗುವರು. ನನಗೆ ಮೈ ಉರಿಯುತ್ತಿತ್ತು.

ಒಂದು ಸಲ ಕೇಳಿಯೇ ಬಿಟ್ಟೆ. ಮೇವಿಸ್ ದೋಣಿ ನಿಲ್ಲುವ ಧಕ್ಕೆಯ ಮೇಲಿನ ಅಂಗಡಿಯಲ್ಲಿ ಮೀನು, ಚಿಪ್ಸ್ ಕರಿಯುತ್ತಿದ್ದರು. ಬಾಣಲೆಗೆ ಬೆನ್ನು ಮಾಡಿ ಗಿರಾಕಿಯ ಪೊಟ್ಟಣ ಕಟ್ಟುತ್ತಲೇ, ಎಣ್ಣೆಯ ಸದ್ದು ಇಳಿದದ್ದೇ ಕೈ ಹಿಂದೆ ಚಾಚಿ ಮೀನು ಎತ್ತುತ್ತಿದ್ದರು. ಒಂದೂ ಸೀದದ್ದು ನಾನು ಕಂಡಿಲ್ಲ.

"ಮೇವಿಸ್, ನಿಮಗೆ ಹುಡುಕ್ಬೇಕು ಅಂತ ಅನ್ಸಲ್ವಾ?"

"ಅನ್ಸದೇ ಏನು. ಪ್ರತಿ ಭಾನುವಾರ ಅನ್ಸುತ್ತೆ." ಅವರು ಕೌಂಟರ್ ಒರೆಸುತ್ತ ಹೇಳಿದರು. "ಒಂದೇ ಒಂದು ಸಾಕು ಕಣೆ. ನಾನೇ ಹುಡುಕಿ, ನಾನೇ ಬಿಡಿಸಿದ್ದು. ಬೀರುವಲ್ಲಿ ನನ್ನ ಹೆಸರಿನದ್ದೊಂದು ಚೀಟಿ. ಹುಚ್ಚು ಅಂತೀಯ?"

"ಹಾಗಾದ್ರೆ ಮಾವನ್ನ ಕೇಳಿ."

"ಕೇಳಿದ್ರೆ ಹೂಂ ಅಂತಾನೆ. ಆಮೇಲೆ ಕಾಯೋರ್ಯಾರು? ನಾರ್ಮನ್ನಾ?" ಎಂದು ತಾವೇ ನಕ್ಕರು. ನನಗೆ ನಗು ಬರಲಿಲ್ಲ.

ಆ ಚಳಿಗಾಲ ಮೇವಿಸ್‌ರ ಕಣ್ಣಿಗೆ ಪೊರೆ ಬಂತು. ಭಾನುವಾರದ ಊಟದ ಮೇಜಿನಲ್ಲಿ, ಎಲ್ಲರ ತಟ್ಟೆಗೂ ಮಾಂಸ ಬಡಿಸಿದ ಮೇಲೆ, ಅವರು ವಿಷಯ ತೆಗೆದರು.

"ದೂರದ್ದೆಲ್ಲ ಮಂಜು ಮಂಜು. ಹತ್ತಿರದ್ದು ಕಾಣುತ್ತೆ. ಇನ್ಮೇಲೆ ಕಾಯೋಕೆ ನನ್ ಕೈಲಾಗಲ್ಲ."

ನಾರ್ಮನ್ ಆಲೂಗಡ್ಡೆ ಹೆಚ್ಚುತ್ತಲೇ, "ಆಪರೇಷನ್ ಆಗೋವರ್ಗೂ ಮನೇಲಿರು ಬಿಡು" ಎಂದರು.

"ಮನೇಲಿರಲ್ಲ. ನಾನು ಹುಡುಕ್ತೀನಿ. ನೀನು ಕೂರು."

"ನಾನಾ?"

"ಇಷ್ಟು ವರ್ಷ ಬಸ್ಸು ಓಡ್ಸಿದೀಯಲ್ಲ. ಕೂತ್ಕೊಂಡು ಮುಂದೆ ನೋಡೋದು ಗೊತ್ತಿಲ್ವಾ?"

ಇಯಾನ್‌ಗೆ ನಗು ತಡೆಯದೆ ಊಟ ನೆತ್ತಿಗೆ ಹತ್ತಿತು. ನಾರ್ಮನ್ ಗೊಣಗುತ್ತ ಒಪ್ಪಿದರು, ಒಂದು ದಿನದ ಮಟ್ಟಿಗೆ.

ಮಾರ್ಚ್ ತಿಂಗಳ ಆ ಭಾನುವಾರ ಹೋದೆವು. ಹಿಂದಿನ ವಾರದ ಬಿರುಗಾಳಿಗೆ ಮರಳೆಲ್ಲ ಕೊಚ್ಚಿಹೋಗಿ, ಯಾವತ್ತೂ ಕಾಣದ ಬಂಡೆಹಾಸು ತೊಳೆದಿಟ್ಟ ಹಾಗೆ ಬಯಲಾಗಿತ್ತು. ಅಂಥ ದಿನ ನಾರ್ಮನ್‌ರನ್ನು ಪೆಟ್ಟಿಗೆಯ ಮೇಲೆ ಕೂರಿಸುವುದೆಂದರೆ ಬೆಕ್ಕನ್ನು ಹಾಲಿಗೆ ಬೆನ್ನು ಮಾಡಿಸಿ ಕೂರಿಸಿದ ಹಾಗೆ. ಕೂತರು, ಕೆಮ್ಮಿದರು, ಗಡಿಯಾರ ನೋಡಿಕೊಂಡರು. ಅತ್ತ ಮೇವಿಸ್ ಮಂಡಿಯೂರಿ, ಬಂಡೆಗೆ ಮೂಗು ತಾಗುವಷ್ಟು ಬಗ್ಗಿ, ಅಂಗೈಯಿಂದ ಸವರುತ್ತ ಮುಂದೆ ಸಾಗಿದರು. ಅಷ್ಟು ನಿಧಾನಕ್ಕೆ ಹುಡುಕುವವರನ್ನು ನಾನು ನೋಡಿರಲಿಲ್ಲ.

ಬಹಳ ಹೊತ್ತಿನ ಮೇಲೆ ಅವರ ದನಿ ಕೇಳಿತು. ಕೂಗಲಿಲ್ಲ, ಮೆತ್ತಗೆ ಕರೆದರು.

"ನಾರ್ಮನ್. ಬಾ ಇಲ್ಲಿ."

ನಾರ್ಮನ್ ತಿರುಗಿದರು. ಎದ್ದು ಬಂದರು. ನಾವೆಲ್ಲರೂ ಓಡಿದೆವು.

ಕಪ್ಪು ಬಂಡೆಯಲ್ಲಿ ಬೆನ್ನುಮೂಳೆಯ ಬಿಲ್ಲೆಗಳು, ಪೊಟ್ಟಣದಲ್ಲಿ ಬಿಸ್ಕತ್ತು ಜೋಡಿಸಿದ ಹಾಗೆ, ಒಂದರ ಪಕ್ಕ ಒಂದು. ಅವುಗಳ ತುದಿಯಲ್ಲಿ ನನ್ನ ಮೊಳಕೈಯಷ್ಟುದ್ದದ ದವಡೆ, ಹಲ್ಲು ಸಮೇತ. ಮನುಷ್ಯರೇ ಇಲ್ಲದ ಕಾಲದಲ್ಲಿ ಇದೇ ಜಾಗದಲ್ಲಿ ಈಜುತ್ತಿದ್ದ, ಮೀನಿನ ಮೈಯ ದೊಡ್ಡ ಕಡಲಹಲ್ಲಿ. ನಾರ್ಮನ್‌ಗೆ ಆಯುಸ್ಸಿಡೀ ಸಿಕ್ಕಿದ್ದು ಅದರ ಬಿಡಿ ಬಿಲ್ಲೆಗಳು ಮಾತ್ರ. ಅವರು "ಹೂಂ" ಎನ್ನಲಿಲ್ಲ. ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡರು.

"ಪೂರ್ತಿ ಆಗಲ್ಲ. ದವಡೆ ಬಿಡಿಸಬಹುದು" ಎಂದು ಇಯಾನ್ ಉಳಿ ತೆಗೆದ.

"ಅಮ್ಮನಿಗೆ ಕೊಡೋ" ಎಂದರು ನಾರ್ಮನ್. "ಅವಳದ್ದು ಅದು."

ಮೇವಿಸ್ ಉಳಿ ಹಿಡಿದರು. ಮುಖ ನೋಡಬೇಕಿತ್ತು ನೀವು, ಮದುವೆಯ ಫೋಟೋದಲ್ಲೂ ಅಷ್ಟು ಚೆಂದ ಕಂಡವರಲ್ಲ. ನಾರ್ಮನ್ ತಮ್ಮಪ್ಪನ ಕಾಲದ ಸುತ್ತಿಗೆಯಿಂದ ಆಚೆ ಬದಿ, ಇಯಾನ್ ಈಚೆ ಬದಿ ಬಡಿಯುತ್ತಿದ್ದರು. ನಾನು ಪುಡಿ ಗುಡಿಸುತ್ತಿದ್ದೆ, ಮಗಳು ಹಲ್ಲುಗಳನ್ನು ಎಣಿಸುತ್ತಿದ್ದಳು. ಒಂದು ಬದಿ ಬಿಟ್ಟಿತು. ಎರಡಾಯಿತು. ಮೂರನೆಯದೂ ಬಿರುಕು ಬಿಟ್ಟಿತು. ನೀಲಿ ಪೆಟ್ಟಿಗೆ ನಮ್ಮ ಬೆನ್ನ ಹಿಂದೆ ಖಾಲಿ ಬಿದ್ದಿತ್ತು.

ಮೇವಿಸ್‌ರ ಕೈ ನಿಂತಿತು.

"ಬಡಿಯೋದು ನಿಲ್ಸಿ."

"ಯಾಕಮ್ಮಾ?"

"ನಿಲ್ಸು ಅಂದೆ." ಅವರು ತಲೆ ಓರೆ ಮಾಡಿ ಆಲಿಸಿದರು, ಅಂಗಡಿಯಲ್ಲಿ ಎಣ್ಣೆಯ ಸದ್ದಿಗೆ ಮಾಡುವ ಹಾಗೆಯೇ. "ಹಂಡೆ ಕುದೀತಿದೆ."

ಆಗ ನಮಗೂ ಕೇಳಿಸಿತು. ತಿರುಗಿ ನೋಡಿದರೆ ಬರುವಾಗ ನಡೆದು ಬಂದ ಬಂಡೆಹಾಸು ಅರ್ಧ ಇಲ್ಲ. ನೀಲಿ ಪೆಟ್ಟಿಗೆ ತೇಲುತ್ತಿತ್ತು.

ಇಯಾನ್ ಜೋಡಿಯನ್ನು ಎತ್ತಿ ಹೆಗಲಿಗೆ ಹಾಕಿಕೊಂಡ. ನಾರ್ಮನ್ ಮಾತ್ರ ಮಂಡಿಯೂರಿಯೇ ಇದ್ದರು.

"ಒಂದೇ ಬದಿ ಉಳಿದಿರೋದು. ಐದೇ ನಿಮಿಷ."

"ಏಳು ನಾರ್ಮನ್."

"ಬಿಟ್ಟು ಹೋದ್ರೆ ಅಲೆ ಪುಡಿ ಮಾಡುತ್ತೆ ಕಣೆ. ಸಡಿಲ ಮಾಡಿಬಿಟ್ಟಿದೀವಿ. ನಾಳೆ ಬಂದ್ರೆ ಏನೂ ಇರಲ್ಲ."

"ಗೊತ್ತು."

"ಮೇವಿಸ್, ಇದು ನಿಂದು."

"ನಂದು ಅಲ್ವಾ, ಬಿಡೋದೂ ನಂದೇ. ಇಷ್ಟು ವರ್ಷ ಅಲ್ಲಿ ಕೂತಿದ್ದು ನೀವು ಮನೆಗ್ ಬರ್ಲಿ ಅಂತ. ಈಗ ಒಂದು ಕಲ್ಲಿಗೋಸ್ಕರ ಈ ಮಗೂನ ನೀರಿಗೆ ಕೊಡ್ಲಾ? ಏಳೋ ಮೇಲೆ."

ನಾರ್ಮನ್ ಇನ್ನೊಂದು ಏಟು ಹಾಕಲು ಕೈ ಎತ್ತಿದರು. ಮೇವಿಸ್ ಆ ಸುತ್ತಿಗೆಯನ್ನು ಕೈಯಿಂದ ಕಿತ್ತು ಕಡಲಿಗೆ ಎಸೆದರು. ಆಮೇಲೆ ದವಡೆಯ ಮೇಲೆ ಒಮ್ಮೆ ಅಂಗೈ ಇಟ್ಟು, ಎಲ್ಲರಿಗಿಂತ ಮೊದಲು ಹೊರಟರು.

ಮೂಗಿನ ಬುಡದಲ್ಲಿ ನೀರು ಆಗಲೇ ಸೊಂಟಕ್ಕಿತ್ತು. ಮಾರ್ಚಿನ ನೀರು, ಉಸಿರೇ ಕಟ್ಟಿತು. ಬಂಡೆ ಹಿಡಿದು ಸಾಲಾಗಿ ನಿಂತೆವು, ಮುಂದೆ ಮೇವಿಸ್. ಬರುವ ಅಲೆ ಅವರ ಕಣ್ಣಿಗೆ ಕಾಣದು. ಕಣ್ಣು ಮುಚ್ಚಿಕೊಂಡೇ ನಿಂತಿದ್ದರು.

"ಈಗ ಬೇಡ" ಎಂದರು. ದೊಡ್ಡ ಅಲೆಯೊಂದು ಬಂದು ಎದೆಗೆ ಅಪ್ಪಳಿಸಿ ಹೋಯಿತು. ಜೋಡಿ ಅಪ್ಪನ ಕೂದಲು ಹಿಡಿದು ಅಳುತ್ತಿದ್ದಳು. "ಇನ್ನೂ ಬೇಡ." ಇನ್ನೊಂದು ಬಂತು. ಹಂಡೆಯ ಸದ್ದು ಒಂದು ಕ್ಷಣ ತಗ್ಗಿತು. "ಈಗ. ನಡೀರಿ. ನಿಲ್ಲಬೇಡಿ."

ನಡೆದೆವು. ಅರ್ಧ ದಾರಿಯಲ್ಲಿ ಕೊನೆಗಿದ್ದ ನಾರ್ಮನ್ ಕಾಲು ಜಾರಿತು. ಅವರ ಬೆನ್ನಿಗೆ ಬೆಳಗಿನಿಂದ ಇಯಾನ್ ತುಂಬಿದ ಕಲ್ಲುಚೀಲ. ತಲೆ ಮುಳುಗಿತು, ಎದ್ದಿತು, ಮತ್ತೆ ಮುಳುಗಿತು. ನಾನು ಕೋಟಿನ ಕಾಲರ್ ಹಿಡಿದೆ, ಎಳೆಯಲಾಗಲಿಲ್ಲ.

ಮುಂದಿನಿಂದ ಮೇವಿಸ್ ದನಿ ಬಂತು, "ಚೀಲ ಬಿಡೋ ನಾರ್ಮನ್, ಚೀಲ ಬಿಡು."

ಆ ಮನುಷ್ಯ ಕಲ್ಲು ಬಿಟ್ಟದ್ದನ್ನು ನಾನು ನೋಡಿದ್ದು ಅದೇ ಮೊದಲು. ಪಟ್ಟಿ ಕಳಚಿತು, ಕೈಗೆ ಭಾರ ಹಗುರಾಯಿತು, ಎಳೆದುಕೊಂಡೆ.

ದೋಣಿ ಇಳಿಸುವ ಮೆಟ್ಟಿಲಿಗೆ ಬಂದು ಎಲ್ಲರೂ ಬಿದ್ದುಕೊಂಡೆವು. ಮೇವಿಸ್ ಒಂದು ಮೆಟ್ಟಿಲಿನ ಮೇಲೆ ಕೂತು ಬಿಕ್ಕಿ ಬಿಕ್ಕಿ ಅತ್ತರು. ಅದುವರೆಗೆ ಅವರು ಅತ್ತದ್ದನ್ನು ಯಾರೂ ಕಂಡವರಿಲ್ಲ. ನಾನು ತಬ್ಬಿಕೊಂಡು, "ಎಲ್ರೂ ಬದುಕಿದ್ವಲ್ಲ ಮೇವಿಸ್, ಅಳಬೇಡಿ" ಎಂದೆ.

"ಅದಕ್ಕಲ್ಲ ಕಣೆ" ಎಂದರು. "ನನ್ನ ಕಲ್ಲು. ನನ್ನ ಕಲ್ಲು ಹೋಯ್ತು."

ನಾರ್ಮನ್ ನೀರು ಸುರಿಸಿಕೊಂಡು ನಿಂತಿದ್ದರು.

ಮರುದಿನ ಇಯಾನ್, ನಾರ್ಮನ್ ಹೋಗಿ ನೋಡಿದರು. ದವಡೆಯಿದ್ದ ಕಡೆ ಗುಳಿಯೊಂದೇ ಉಳಿದಿತ್ತಂತೆ. ಬೆನ್ನುಮೂಳೆಯ ಮೇಲೆ ಗೋಡೆ ಕುಸಿದು ರಾಶಿ ಬಿದ್ದಿತ್ತು.

ಬೇಸಿಗೆಯಲ್ಲಿ ಮೇವಿಸ್‌ರ ಕಣ್ಣಿನ ಆಪರೇಷನ್ ಆಯಿತು. ದೂರದ ಹಡಗಿನ ಹೆಸರೂ ಓದುವ ಹಾಗಾದರು. ಮೊದಲ ಭಾನುವಾರ ಅವರು ಅಭ್ಯಾಸಬಲದಿಂದ ಹೊಸ ಪೆಟ್ಟಿಗೆಗೆ ಕೈ ಹಾಕಿದರೆ, ನಾರ್ಮನ್ ಅದನ್ನು ಕಂಕುಳಲ್ಲಿ ಇರುಕಿಕೊಂಡು ಮುಂದೆ ನಡೆದುಬಿಟ್ಟರು. "ಇದು ನಂದು" ಎಂದರು, ಅಷ್ಟೇ.

ಆದರೆ ಮೇವಿಸ್‌ಗೆ ಹುಡುಕಲು ಆಗುತ್ತಿರಲಿಲ್ಲ. ನಾಲ್ಕು ಹೆಜ್ಜೆಗೊಮ್ಮೆ ತಲೆ ಎತ್ತಿ ಕಡಲು ನೋಡುವರು, ಆಮೇಲೆ ನಾರ್ಮನ್ ಬೆನ್ನು ನೋಡುವರು. ನಾಲ್ಕು ತಿಂಗಳು ಬರಿಗೈಯಲ್ಲಿ ಮನೆಗೆ ಬಂದರು. ಯಾಕೆಂದು ನಾರ್ಮನ್‌ಗೂ ಗೊತ್ತಿತ್ತು, ನಮಗೂ ಗೊತ್ತಿತ್ತು. ಬೀರುವಿನಲ್ಲಿ ನಾರ್ಮನ್ ತಮ್ಮ ಮೇಲಿನ ಖಾನೆಯನ್ನು ತೆರವು ಮಾಡಿಟ್ಟಿದ್ದರು. ಶುಕ್ರವಾರ ಅದನ್ನೂ ಒರೆಸುವಾಗ ಮೇವಿಸ್‌ರ ಮುಖ ನೋಡಲು ನನ್ನಿಂದಾಗುತ್ತಿರಲಿಲ್ಲ.

ನವೆಂಬರಿನ ಒಂದು ಭಾನುವಾರ. ಮತ್ತೆ ಬಿರುಗಾಳಿ ಬೀಸಿ ಹೋಗಿತ್ತು, ಮತ್ತೆ ಬಂಡೆಹಾಸು ಬಯಲಾಗಿತ್ತು. ಮೇವಿಸ್ ನನ್ನ ಪಕ್ಕದಲ್ಲೇ ನೆಟ್ಟಗೆ ಎದ್ದು ನಿಂತರು.

"ನಾರ್ಮನ್. ಬಾ ಇಲ್ಲಿ."

ಅದೇ ಮೆತ್ತಗಿನ ದನಿ. ಅವರ ಕಾಲ ಬುಡ ನೋಡಿದೆ, ಬರೀ ಪಾಚಿ. ಅವರು ನನಗೆ ಸುಮ್ಮನಿರೆಂದು ಕಣ್ಣಲ್ಲೇ ಹೇಳಿದರು.

ಪೆಟ್ಟಿಗೆಯ ಮೇಲಿನ ಬೆನ್ನು ಸೆಟೆಯಿತು.

"ದವಡೆ ಕಣೋ. ಹಲ್ಲು ಸಮೇತ. ಹೋದ ಸಲದ್ದಕ್ಕಿಂತ ದೊಡ್ಡದು."

ನಾರ್ಮನ್ ಎರಡೂ ಕೈಯಲ್ಲಿ ಪೆಟ್ಟಿಗೆಯ ಅಂಚು ಹಿಡಿದುಕೊಂಡರು. ಕುತ್ತಿಗೆ ಕೆಂಪಗಾಯಿತು. ಒಂದು ಅಲೆ ಬಂದು ಹೋಯಿತು, ಇನ್ನೊಂದೂ ಬಂದು ಹೋಯಿತು. ತಿರುಗಿದರು ಎಂದೇ ಅಂದುಕೊಂಡೆ.

"ತಗೊಂಡ್ ಬಾ" ಎಂದರು. "ನಾನ್ ತಿರುಗಲ್ಲ."

ಮೇವಿಸ್ ತಮ್ಮ ಬರಿಗೈಗಳನ್ನು ನನಗೆ ತೋರಿಸಿ, ಕೋಟಿಗೆ ಒರೆಸಿಕೊಂಡರು. ಆಮೇಲೆ ಕಡಲಿಗೆ ಬೆನ್ನು ಹಾಕಿ ಮಂಡಿಯೂರಿದರು. ನಾರ್ಮನ್ "ಹೊತ್ತಾಯ್ತು, ಹೊರಡಿ" ಎನ್ನುವವರೆಗೂ ಮತ್ತೆ ತಲೆ ಎತ್ತಲಿಲ್ಲ.