ಎಡಗೈಯ ಅತ್ತಿಗೆ

ಭಾಗೀರಥಿ ಅತ್ತಿಗೆ ಊಟ, ಪೂಜೆ, ಅಡುಗೆ ಎಲ್ಲವನ್ನೂ ಬಲಗೈಯಲ್ಲೇ ಮಾಡುತ್ತಿದ್ದಳು. ಲೆಕ್ಕವನ್ನು ಮಾತ್ರ ಎಡಗೈಯಲ್ಲಿ ಬರೆಯುತ್ತಿದ್ದಳು. ಅಮ್ಮ ಎಷ್ಟು ಗದರಿದರೂ ಅದೊಂದನ್ನು ಬಿಟ್ಟುಕೊಡಲಿಲ್ಲ. ಉತ್ತರ ಬಂದೊಡನೆ ಬೆರಳಿನ ಬಳಪದ ಪುಡಿಯನ್ನು ಫೂ ಎಂದು ಊದಿ, "ಇನ್ನೊಂದು ಕೊಡಿ ನೋಡನ" ಎಂದು ಅಣ್ಣನ ಮುಂದೆ ಪಾಟಿ ಚಾಚುತ್ತಿದ್ದಳು. ಬೇರೆ ಹೆಂಡಿರು ಸೀರೆ ಕೇಳುವ ಹಾಗೆ ಅವಳು ಲೆಕ್ಕ ಕೇಳುತ್ತಿದ್ದಳು.

ಅಣ್ಣ ಶಿರಸಿಯಲ್ಲಿ ಮಾಸ್ತರ. ಪೇಟೆಯ ಬಾಡಿಗೆ ಮನೆಯಲ್ಲಿ ಸಂಜೆ ಅವನ ಎದುರು ಕೂತು ಬೀಜಗಣಿತ ಕಲಿಯುವುದು ನನ್ನೊಬ್ಬಳ ಹಕ್ಕಾಗಿತ್ತು. ನಿಲ್ಕುಂದದಿಂದ ಅತ್ತಿಗೆ ಮದುವೆಯಾಗಿ ಬಂದ ಮೇಲೆ ಆ ಚಾಪೆಯಲ್ಲಿ ಇಬ್ಬರಾದೆವು.

ಒಂದು ದಿನ ಅಣ್ಣ ಸಮೀಕರಣ ಬರೆದ: ಕ್ಷ + ೩.೫ = −೧.೨೫. ನಾನು ದೊಡ್ಡದರಲ್ಲಿ ಚಿಕ್ಕದನ್ನು ಕಳೆದು, ಋಣ ಚಿಹ್ನೆ ಹಚ್ಚಿ, "ಋಣ ಎರಡು ದಶಾಂಶ ಎರಡು ಐದು" ಎಂದೆ.

"ಅವಸರ ಮಾಡಡ ಕೂಸೇ," ಅಂದ ಅಣ್ಣ.

ಅತ್ತಿಗೆಗೆ ತಡೆಯಲಾಗಲಿಲ್ಲ. "ತಂಗಿ, ಬಾವಿ ದಂಡೆ ಸೊನ್ನೆ ಹೇಳಿ ತಿಳ್ಕ. ನೀರು ಮೂರೂವರೆ ಮೊಳ ಏರಿದ ಮೇಲೂ ದಂಡೆಗಿಂತ ಒಂದೂಕಾಲು ಮೊಳ ಕೆಳಗೇ ಇದ್ದು. ಹಂಗಾದ್ರೆ ಮೊದ್ಲು ಎಲ್ಲಿತ್ತು?"

ಇನ್ನೂ ಕೆಳಗೆ. ಒಂದೂಕಾಲರ ಕೆಳಗೆ ಮತ್ತೆ ಮೂರೂವರೆ. ಋಣ ನಾಲ್ಕೂಮುಕ್ಕಾಲು, −೪.೭೫. ನನಗೆ ತಿಳಿಯುವಷ್ಟರಲ್ಲಿ ಅವಳ ಎಡಗೈ ಅದನ್ನು ಬರೆದಾಗಿತ್ತು.

"ಶಾಬಾಸ್!" ಎಂದ ಅಣ್ಣ. ಅಷ್ಟು ವರ್ಷ ಆ ಮಾತು ನನ್ನದಾಗಿತ್ತು. ಅತ್ತಿಗೆ ನಾಚಲೂ ಇಲ್ಲ. "ಆನು ಆಗ್ಲೇ ಹೇಳ್ತಿದ್ದಿ, ಸುಮ್ನಿದ್ದಿ" ಎಂದು ನಕ್ಕಳು. ಆ ನಗು ನನ್ನ ಎದೆಗೆ ಮುಳ್ಳಿನಂತೆ ಚುಚ್ಚಿತು. ಮರುದಿನದಿಂದ ಸಂಜೆಯಾದರೆ ನಾನು ಒಲೆಯ ಮುಂದೆ ಕೂರತೊಡಗಿದೆ. ಹೊರಗೆ ಅವರಿಬ್ಬರೂ ಜಗಳಾಡುತ್ತ, ನಗುತ್ತ ಲೆಕ್ಕ ಬಿಡಿಸುತ್ತಿದ್ದರೆ ಇಲ್ಲಿ ನನ್ನ ಸಾರು ಸೀಯುತ್ತಿತ್ತು. ಯಾರೂ ಕರೆಯಲಿಲ್ಲವೆಂದು ಕೋಪ. ಅತ್ತಿಗೆ ಬಂದು ಕರೆದರೆ ಇನ್ನೂ ಕೋಪ.

ನನ್ನನ್ನು ಯಲ್ಲಾಪುರಕ್ಕೆ ಮದುವೆ ಮಾಡಿಕೊಟ್ಟರು. ಒಂದು ಬೇಸಗೆಯಲ್ಲಿ ಅತ್ತಿಗೆ ಸರ್ವೀಸ್ ಮೋಟಾರಿನಲ್ಲಿ ನಮ್ಮ ಮನೆಗೆ ಬಂದಳು. ಮೈ ಇಳಿದಿತ್ತು, ಮಾತು ಇಳಿದಿರಲಿಲ್ಲ. ಊಟಕ್ಕೆ ಕೂತವಳು ಇದ್ದಕ್ಕಿದ್ದಂತೆ ಅಂದಳು:

"ನಿನ್ನ ಕಂಡ್ರೆ ಯಂಗೆ ಹೊಟ್ಟೆಕಿಚ್ಚು, ತಂಗಿ."

"ಯನ್ನ ಕಂಡ್ರಾ? ಎಂತಕ್ಕೆ?"

"ಒಂದು ಲೆಕ್ಕ ತಪ್ಪಿದ್ರೆ ಸಾಕು, ನಿನ್ನ ಅಣ್ಣ ಶುರು ಮಾಡ್ತ. 'ಯನ್ನ ತಂಗಿ ಆಗಿದ್ರೆ ಎಂತಕ್ಕೆ ಹೇಳಿ ಕೇಳ್ತಿತ್ತು, ನೀನು ಬರೀ ಓಡ್ತೆ' ಹೇಳಿ. ದಿನಾ ಕೇಳಿ ಕೇಳಿ ಸಾಕಾತು."

ನಾನು ಮುಖ ತಿರುಗಿಸಿ ನಕ್ಕೆ. ಅವತ್ತು ಅವಳ ಎಲೆಗೆ ಬೇಡವೆಂದರೂ ಎರಡು ಸಲ ತುಪ್ಪ ಬಡಿಸಿದೆ.

ಆ ಮಳೆಗಾಲ ಮುಗಿಯುವುದರೊಳಗೆ ಚಳಿಜ್ವರ ಅವಳನ್ನು ಒಯ್ದಿತು. ಅಣ್ಣ ಮತ್ತೆ ಮದುವೆಯಾಗಲಿಲ್ಲ. ಎಷ್ಟೋ ವರ್ಷಗಳ ನಂತರ ನಮ್ಮ ಮನೆಗೆ ಬಂದಾಗ ನನ್ನ ಮಗಳಿಗೊಂದು ಸಮೀಕರಣ ಕೊಟ್ಟ. ಅವಳು ಚಕ್ಕನೆ ಬಿಡಿಸಿದಳು. ಅಣ್ಣ ಪಾಟಿಯನ್ನು ಹತ್ತಿರ ಎಳೆದುಕೊಂಡು ನೋಡಿದ.

"ಥೇಟ್ ನಿನ್ನ ಭಾಗೀರಥಿ ಅತ್ತೆ ಹಂಗೆ," ಎಂದ.

ನಾನು ಅಲ್ಲೇ ಬಾಗಿಲಲ್ಲಿ ನಿಂತಿದ್ದೆ. 'ನಿನ್ನ ಅಮ್ಮನ ಹಂಗೆ' ಎನ್ನಲಿಲ್ಲ.